ಹೌಟನ್ ಹಾಲ್ ಚಿತ್ರಗಳು ರಷ್ಯಾಕ್ಕೆ ಹೋಗಿದ್ದು ಹೇಗೆ, ಮನೆಗೆ ಬಂದಿದ್ದು ಹೇಗೆ?

ಇಂಗ್ಲೆಂಡಿನ ನಾರ್ಫಕ್ ಹಳ್ಳಿಗಾಡಿನಲ್ಲಿ ಹೌಟನ್ ಹಾಲ್ ಎಂಬ ಭಾರಿ ಬಂಗಲೆ ಇದೆ. ಕಟ್ಟಿಸಿದವರು ಬ್ರಿಟನ್ನಿನ ಮೊದಲ ಪ್ರಧಾನಿ ಎನ್ನಿಸಿಕೊಂಡ ರಾಬರ್ಟ್ ವಾಲ್‌ಪೋಲ್. ಕೆಲಸ ಶುರುವಾಗಿದ್ದು 1722ರಲ್ಲಿ. ಒಳಾಂಗಣ ವಿನ್ಯಾಸಕಾರ ವಿಲಿಯಂ ಕೆಂಟ್ ಅವರದು. ಅಲ್ಲಿ ಚಿತ್ರಗಳನ್ನು ಸುಮ್ನೆ ಮೊಳೆ ಹೊಡೆದು ತೂಗುಹಾಕಿರಲಿಲ್ಲ. ಗೋಡೆಯ ಕೆಂಪು ಮಖಮಲ್, ಕುರ್ಚಿ, ಚೌಕಟ್ಟು, ಚಿತ್ರ ಎಲ್ಲವನ್ನೂ ಒಟ್ಟಿಗೇ ಯೋಚಿಸಿ ಜೋಡಿಸಿದ್ದರು. ಯೂರೋಪಿನ ದೊಡ್ಡ ಚಿತ್ರಕಾರರಾದ ರೆಂಬ್ರಾಂಟ್, ರೂಬೆನ್ಸ್, ವ್ಯಾನ್ ಡೈಕ್, ಪುಸಾಂ ಅವರ ಚಿತ್ರಗಳು ಅಲ್ಲಿದ್ದವು.

1745ರಲ್ಲಿ ವಾಲ್‌ಪೋಲ್ ತೀರಿಕೊಂಡಾಗ ಉಳಿದದ್ದು ಸಾಲ. ಮೊಮ್ಮಗ ಜಾರ್ಜ್ ಕಾಲಕ್ಕೆ ಅದು ಇನ್ನೂ ಜಾಸ್ತಿಯಾಯಿತು. ಚಿತ್ರಗಳು ಕೈತಪ್ಪುವ ಸುಳಿವು ಸಿಕ್ಕಾಗ, 1777ರಲ್ಲಿ ಸಂಸದ ಜಾನ್ ವಿಲ್ಕ್ಸ್ ಇವನ್ನು ದೇಶಕ್ಕೆಂದೇ ಕೊಳ್ಳೋಣ, ಬ್ರಿಟಿಷ್ ಮ್ಯೂಸಿಯಂ ಆವರಣದಲ್ಲಿ ಗ್ಯಾಲರಿ ಕಟ್ಟೋಣ ಎಂದು ಸಂಸತ್ತಿನಲ್ಲಿ ಕೇಳಿಕೊಂಡರು. ಅದು ಆಗಲಿಲ್ಲ. ಇಡೀ ಕಥೆಯಲ್ಲಿ ನನಗೆ ಹೆಚ್ಚು ನೋವು ಕೊಡುವುದು ಇದೇ. 1779ರಲ್ಲಿ 204 ಚಿತ್ರಗಳನ್ನು ಸುಮಾರು 40,000 ಪೌಂಡಿಗೆ ರಷ್ಯಾದ ರಾಣಿ ಕ್ಯಾಥರೀನ್ ಕೊಂಡರು. ಲಂಡನ್ನಿನಲ್ಲಿ ನ್ಯಾಷನಲ್ ಗ್ಯಾಲರಿ ಶುರುವಾಗಲು 1824 ಬರಬೇಕಾಯಿತು.

ಚಿತ್ರಗಳು ಸೇಂಟ್ ಪೀಟರ್ಸ್‌ಬರ್ಗಿನ ಹರ್ಮಿಟಾಜ್ (ಈಗ ದೊಡ್ಡ ಮ್ಯೂಸಿಯಂ) ಸೇರಿದವು. ಅಲ್ಲೂ ಒಟ್ಟಿಗೆ ಉಳಿಯಲಿಲ್ಲ. 1930ರ ಆಸುಪಾಸು ಸೋವಿಯತ್ ಸರ್ಕಾರ ಹಣಕ್ಕಾಗಿ ಕೆಲವನ್ನು ಮಾರಿತು. ಅಮೆರಿಕದ ಸಿರಿವಂತ ಆಂಡ್ರ್ಯೂ ಮೆಲನ್ ಕೊಂಡವು ಈಗ ವಾಷಿಂಗ್ಟನ್ನಿನಲ್ಲಿವೆ.

ಹಾಗಾದರೆ ವಾಪಸ್ ಕೇಳಬಹುದಿತ್ತಲ್ವಾ? ಇಲ್ಲ. ಇದು ಲೂಟಿಯಲ್ಲ, ವಾರಸುದಾರನೇ ಮಾಡಿದ ಮಾರಾಟ. ಉಳಿದಿದ್ದ ದಾರಿ ಒಂದೇ, ಸ್ವಲ್ಪ ದಿನಕ್ಕೆ ಕೊಡಿ ಎಂದು ಕೇಳುವುದು.

2013ರಲ್ಲಿ ಅದು ಕೈಗೂಡಿತು. ಕ್ಯುರೇಟರ್ ತಿಯರಿ ಮೊರೆಲ್ ಉಸ್ತುವಾರಿಯಲ್ಲಿ, ಒಂದು ಪ್ರದರ್ಶನಕ್ಕಾಗಿ ಸುಮಾರು 70 ಕೃತಿಗಳು ಹೌಟನ್ ಹಾಲ್‌ಗೆ, ಅಂದರೆ ಮನೆಗೆ ಬಂದವು. ಯಾವ ಚಿತ್ರ ಎಲ್ಲಿತ್ತು ಎನ್ನುವುದಕ್ಕೆ ಹಳೆಯ ನಕ್ಷೆಗಳಿದ್ದವು. ವಾಲ್‌ಪೋಲ್‌ರ ಕಿರಿಯ ಮಗ ಹೊರೇಸ್ 1747ರಲ್ಲಿ ಅಚ್ಚು ಹಾಕಿಸಿದ್ದ, ಕೋಣೆವಾರು ಪಟ್ಟಿಯೂ ಇತ್ತು. ಹಾಗಾಗಿ ಬಹಳಷ್ಟು ಚಿತ್ರಗಳು ತಮ್ಮ ಹಳೆಯ ಜಾಗಕ್ಕೇ ಏರಿದವು. ಮ್ಯೂಸಿಯಂ ಎಷ್ಟೇ ಚೆನ್ನಾಗಿದ್ದರೂ ಇದನ್ನು ತೋರಿಸಲಾರದು. ಅಲ್ಲಿ ಒಂದೊಂದು ಚಿತ್ರವೂ ಬಿಡಿಬಿಡಿ. ಇಲ್ಲಿ ಒಬ್ಬ ರಾಜಕಾರಣಿ ತನ್ನ ಹಣ, ಅಧಿಕಾರ, ಅಭಿರುಚಿಯನ್ನು ಅತಿಥಿಗಳಿಗೆ ಹೇಗೆ ತೋರಿಸಿದ ಎಂಬುದು ಕೋಣೆ ಕೋಣೆಯಲ್ಲೂ ಕಾಣುತ್ತದೆ.

ಜನ ಎಷ್ಟು ಬಂದರೆಂದರೆ, ಸೆಪ್ಟೆಂಬರಿಗೆ ಮುಗಿಯಬೇಕಿದ್ದ ಪ್ರದರ್ಶನವನ್ನು ನವೆಂಬರ್‌ವರೆಗೆ ಮುಂದುವರಿಸಿದರು. ಆಮೇಲೆ ಚಿತ್ರಗಳು ವಾಪಸ್ ಹೋದವು. 2022ರ ಯುಕ್ರೇನ್ ಯುದ್ಧದ ನಂತರವಂತೂ ರಷ್ಯಾದ ಮ್ಯೂಸಿಯಂಗಳ ಜೊತೆ ಬ್ರಿಟನ್ನಿನ ಇಂಥ ಕೊಡುಕೊಳ್ಳುವಿಕೆಯೇ ನಿಂತುಹೋಗಿದೆ.