ಸಂಪಿನ ನೀರು ಎಷ್ಟು ಲೀಟರ್, ಎಷ್ಟು ತೂಕ: ಘನ ಅಡಿಯಲ್ಲಿ ನಾನು ಎಡವಿದ ಜಾಗ

ಇಷ್ಟು ಬಾಯಿಪಾಠ ಇರಲಿ: 1 ಘನ ಮೀಟರ್ = 1,000 ಲೀಟರ್. 1 ಲೀಟರ್ ನೀರು = 1 ಕೆ.ಜಿ. ಹಾಗಾಗಿ 1 ಘನ ಮೀಟರ್ ನೀರು ಅಂದ್ರೆ 1 ಟನ್. ಇಲ್ಲಿ ಕಷ್ಟವೇನಿಲ್ಲ. ಅಳತೆ ಅಡಿಯಲ್ಲಿ ಕೊಟ್ಟಾಗಲೇ ತೊಡಕು, ಮತ್ತು ನಮ್ಮ ಚಿಂತಾಮಣಿ ಕಡೆ ಸಂಪು ಅಳೆಯೋದೇ ಅಡಿಯಲ್ಲಿ.

ನಮ್ಮನೆ ಸಂಪು ಉದ್ದ 8 ಅಡಿ, ಅಗಲ 6, ಆಳ 5. ಗುಣಿಸಿದರೆ 240 ಘನ ಅಡಿ. 1 ಅಡಿ = 0.3048 ಮೀಟರ್ ತಾನೇ, ಅಂದುಕೊಂಡು 240 × 0.3048 = 73.15 ಘನ ಮೀಟರ್ ಎಂದು ಬರೆದೆ. ಅಂದ್ರೆ 73,000 ಲೀಟರ್! ಆದರೆ ಬೇಸಿಗೆಯಲ್ಲಿ ಬೋರ್ ಬತ್ತಿದಾಗ 6,000 ಲೀಟರಿನ ಟ್ಯಾಂಕರ್ ಒಂದು ಲೋಡ್ ಹಾಕಿಸಿದರೆ ಸಂಪು ಮುಕ್ಕಾಲಿಗಿಂತ ಮೇಲೆ ಬರುತ್ತೆ. ನನ್ನ ಲೆಕ್ಕದ ಪ್ರಕಾರ ಹನ್ನೆರಡು ಲೋಡ್ ಹಿಡಿಯಬೇಕಿತ್ತು.

ತಪ್ಪಿದ್ದು ಇಲ್ಲಿ. 0.3048 ಅನ್ನೋದು ಒಂದು ದಾರದ ಉದ್ದಕ್ಕೆ. ಘನ ಅಡಿಯಲ್ಲಿ ಅಡಿ ಮೂರು ಸಲ ಕೂತಿದೆ: ಅಡಿ × ಅಡಿ × ಅಡಿ. ಒಂದು ಸಲ ಗುಣಿಸಿದಾಗ ಒಂದು ಅಡಿ ಮಾತ್ರ ಮೀಟರ್ ಆಯ್ತು, ಎರಡು ಹಾಗೇ ಉಳಿದವು. ನನಗೆ ಬಂದ 73.15 ಘನ ಮೀಟರೇ ಅಲ್ಲ, ಅದು ಮೀಟರ್ × ಅಡಿ × ಅಡಿ. ಚದರಡಿ ಬುಡದ ಮೇಲೆ ಒಂದು ಮೀಟರ್ ಎತ್ತರ ನಿಲ್ಲಿಸಿದ 73 ಕಂಬ ಅಂದುಕೊಳ್ಳಿ. ಇನ್ನೆರಡು ಸಲ ಗುಣಿಸಿ: 73.15 → 22.30 → 6.796. ಈಗ ಸರಿಹೋಯ್ತು, 6,796 ಲೀಟರ್, ಸುಮಾರು 6.8 ಟನ್. ನಂಬಿಕೆ ಬರದೆ ಮೂರೂ ಅಳತೆಯನ್ನು ಮೊದಲೇ ಮೀಟರ್ ಮಾಡಿ ನೋಡಿದೆ: 2.4384 × 1.8288 × 1.524. ಮತ್ತೆ 6.796 ಬಂತು. ಸಂಖ್ಯೆ ಬರೆದಷ್ಟು ಸಲವೂ ಪಕ್ಕದಲ್ಲಿ ಅಳತೆಯ ಮಾನ (ಅಡಿಯೋ ಮೀಟರೋ) ಬರೆಯಿರಿ, ಯಾವ ಅಡಿ ಉಳಿದಿದೆ ಅಂತ ಕಣ್ಣಿಗೇ ಕಾಣುತ್ತೆ.

ಪ್ರತಿ ಸಲ ಮೂರು ಗುಣಾಕಾರ ಬೇಡ ಅಂದ್ರೆ 1 ಘನ ಅಡಿ = 28.3 ಲೀಟರ್ ನೆನಪಿಡಿ. ನನಗೆ ಇದಕ್ಕಿಂತ ಇಷ್ಟವಾದದ್ದು ಇಂಚಿನ ಲೆಕ್ಕ. 28.3ನ್ನು 12ರಿಂದ ಭಾಗಿಸಿದರೆ 2.36, ಅಂದ್ರೆ ಒಂದು ಚದರಡಿ ಮೇಲೆ ಒಂದಿಂಚು ನೀರು ನಿಂತರೆ 2.36 ಲೀಟರ್. ನಮ್ಮ ಸಂಪಿನ ತಳ 48 ಚದರಡಿ, ಇಂಚಿಗೆ 113 ಲೀಟರ್. ಬೆಳಿಗ್ಗೆ ಒಂದು ಕೋಲು, ಸಂಜೆ ಅದೇ ಕೋಲು ಇಳಿಸಿ ನೋಡಿದೆ: 4 ಇಂಚು ಇಳಿದಿತ್ತು. ಮನೆಯ ಆ ದಿನದ ಖರ್ಚು ಸುಮಾರು 450 ಲೀಟರ್ ಅಂತ ನೀರಿನ ಮೀಟರು ಇಲ್ಲದೇ ಸಿಕ್ಕಿತು.

ಮಳೆಗೆ: 1 ಚದರ ಮೀಟರ್ ಮೇಲೆ 1 ಮಿ.ಮೀ. ಮಳೆ = 1 ಲೀಟರ್. ಗುಂಟೆ 1,089 ಚದರಡಿ, ಚದರವಾದ್ದರಿಂದ 0.3048 ಎರಡೇ ಸಲ, ಸುಮಾರು 101 ಚದರ ಮೀಟರ್. ಎಕರೆಗೆ 40 ಗುಂಟೆ, ಹಾಗಾಗಿ ಎಕರೆ ಮೇಲೆ 1 ಮಿ.ಮೀ. ಮಳೆ ಅಂದ್ರೆ 4,047 ಲೀಟರ್.

ಅಣೆಕಟ್ಟಿನ ನೀರಿನ ಲೆಕ್ಕಕ್ಕೆ ಬಳಸೋ ಟಿಎಂಸಿ ಅಂದ್ರೆ 100 ಕೋಟಿ ಘನ ಅಡಿ, ಸುಮಾರು 2,830 ಕೋಟಿ ಲೀಟರ್.

ಒಂದು ಎಚ್ಚರ: ಲೀಟರಿಗೆ ಒಂದು ಕೆ.ಜಿ. ಅನ್ನೋದು ನೀರಿಗೆ ಮಾತ್ರ. ಡೇರಿಗೆ ಹಾಕೋ ಹಾಲು ಲೀಟರಿಗೆ ಸುಮಾರು 1.03 ಕೆ.ಜಿ. ತೂಗುತ್ತೆ, 40 ಲೀಟರ್ ಕ್ಯಾನಿನಲ್ಲಿ ಹಾಲೇ 41 ಕೆ.ಜಿ. ದಾಟುತ್ತೆ.