ದ್ರೇಬೂಖ್: ತಿರುಗಿಸುವ ಪುಸ್ತಕ

ಚಿತ್ರಕಥೆಗೆ ಜರ್ಮನ್ ಭಾಷೆಯಲ್ಲಿ ‘ದ್ರೇಬೂಖ್’ ಅನ್ನುತ್ತಾರೆ. ಬೂಖ್ ಅಂದರೆ ಪುಸ್ತಕ. ಮೊದಲರ್ಧ ಬಂದಿರುವುದು ‘ತಿರುಗಿಸು’ ಎಂಬರ್ಥದ ‘ದ್ರೇಯೆನ್’ ಕ್ರಿಯಾಪದದಿಂದ. ತಿರುಗಿಸುತ್ತಿದ್ದುದು ಕ್ಯಾಮೆರಾದ ಹಿಡಿಯನ್ನು. ಮೂಕಿ ಚಿತ್ರಗಳ ಕಾಲದಲ್ಲಿ ಕ್ಯಾಮೆರಾಮನ್ ಅದನ್ನು ಕೈಯಲ್ಲೇ ಸುತ್ತುತ್ತಿದ್ದ: ಸಾಮಾನ್ಯವಾಗಿ ಒಂದು ಸುತ್ತಿಗೆ 8 ಫ್ರೇಮು, ಸೆಕೆಂಡಿಗೆ ಎರಡು ಸುತ್ತು. ಹಿಡಿ ಹೋಗಿ ಮೋಟಾರು ಬಂತು, ಆಮೇಲೆ ರೀಲೂ ಹೋಯಿತು, ಪದ ಮಾತ್ರ ಕದಲಲಿಲ್ಲ. ಇವತ್ತಿಗೂ ಅಲ್ಲಿ ಶೂಟಿಂಗ್ ದಿನ ಅಂದರೆ ‘ದ್ರೇಟಾಕ್’, ಶೂಟಿಂಗ್ ಜಾಗ ಅಂದರೆ ‘ದ್ರೇಓರ್ಟ್’.

ನಮ್ಮ ‘ಚಿತ್ರಕಥೆ’ಯಲ್ಲಿ ಕಥೆ ಕೂತಿದೆ. ಜರ್ಮನ್ ಪದದಲ್ಲಿ ಕಥೆಯ ಸುಳಿವೇ ಇಲ್ಲ, ಸೆಟ್ಟಿನಲ್ಲಿ ಕೈಲಿ ಹಿಡಿದು ಕೆಲಸ ಮಾಡುವ ಪುಸ್ತಕ ಅದು. ನಮ್ಮ ಟೈಟಲ್ ಕಾರ್ಡಿನಲ್ಲಿ ಸಂಭಾಷಣೆಗೆ ಬೇರೆಯೇ ಹೆಸರು ಬರುವುದುಂಟು, ದ್ರೇಬೂಖ್ ಅಂದರೆ ಮಾತೂ ಅದರೊಳಗೇ ಸೇರಿತು.

ಪೂರ್ವ ಜರ್ಮನಿಯ ಸರ್ಕಾರಿ ಸ್ಟುಡಿಯೊ ಡೆಫಾದಲ್ಲಿ ಇನ್ನೂ ಒಂದು ಭೇದವಿತ್ತು. ಲೇಖಕ ಬರೆದುಕೊಡುತ್ತಿದ್ದುದು ‘ಸ್ತ್ಸೆನಾರಿಯುಮ್’. ನಿರ್ದೇಶಕ ಅದನ್ನು ಶಾಟುಗಳಾಗಿ ಒಡೆದು ಚಿತ್ರೀಕರಣಕ್ಕೆ ಅಣಿ ಮಾಡಿದ ಮೇಲಷ್ಟೇ ದ್ರೇಬೂಖ್.

ಆ ಸ್ಟುಡಿಯೊದಲ್ಲಿ ಬೆಳೆದವರು ವೊಲ್ಫ್‌ಗಾಂಗ್ ಕೋಲ್‌ಹಾಝೆ (1931–2022). ದ್ರೇಬೂಖ್‌ಔಟೋರ್, ಅಂದರೆ ಚಿತ್ರಕಥೆಗಾರ, ಎಂಬ ಪದಕ್ಕೆ ನನಗೆ ಮೊದಲು ನೆನಪಾಗುವ ಹೆಸರು ಅವರದೇ. ಬರ್ಲಿನ್ನಿನ ಹುಡುಗ, ಪತ್ರಿಕೆಯ ಕೆಲಸದಿಂದ ಸಿನಿಮಾಕ್ಕೆ ಬಂದವರು. 1957ರಲ್ಲಿ ಗೆರ್ಹಾರ್ಡ್ ಕ್ಲೈನ್ ನಿರ್ದೇಶನದ ‘ಬರ್ಲಿನ್ – ಎಕೆ ಶೋನ್‌ಹೌಸರ್’ಗೆ ಬರೆದು ಬೀದಿಯ ಹುಡುಗರನ್ನು ತೆರೆಗೆ ತಂದರು. ಇದೇ ಜೋಡಿಯ ‘ಬರ್ಲಿನ್ ಉಮ್ ಡೀ ಎಕೆ’ಯನ್ನು, 1965ರ ಡಿಸೆಂಬರ್‌ನಲ್ಲಿ ಪೂರ್ವ ಜರ್ಮನಿಯ ಆಳುವ ಪಕ್ಷದ ಕೇಂದ್ರ ಸಮಿತಿ ನಡೆಸಿದ ಸಭೆಯ ನಂತರ, ತಡೆಹಿಡಿಯಲಾಯಿತು. ಚಿತ್ರ ಎರಡು ದಶಕ ಡಬ್ಬದಲ್ಲೇ ಉಳಿಯಿತು. ಬರ್ಲಿನ್ ಗೋಡೆ ಬಿದ್ದ ಮೇಲೂ ಅವರ ಪೆನ್ನು ನಿಲ್ಲಲಿಲ್ಲ. 1997ರಲ್ಲಿ ಟಿವಿಗೆ ‘ಕೋಪೆನಿಕ್‌ನ ಕ್ಯಾಪ್ಟನ್’, 2005ರಲ್ಲಿ ಸಿನಿಮಾಕ್ಕೆ ‘ಸೊಮ್ಮರ್ ಫೋರ್ಮ್ ಬಾಲ್ಕೋನ್’. 2010ರಲ್ಲಿ ಬರ್ಲಿನ್ ಚಿತ್ರೋತ್ಸವ ಅವರಿಗೆ ಗೌರವ ಗೋಲ್ಡನ್ ಬೇರ್ ಕೊಟ್ಟಿತು. ಒಬ್ಬ ಬರಹಗಾರನಿಗೆ ಆ ಪ್ರಶಸ್ತಿ ಹೋಯಿತಲ್ಲ, ಅದು ನನಗೆ ಬಹಳ ಇಷ್ಟವಾದ ಸಂಗತಿ.

ಅವರ ಕಸುಬು ಕಾಣಲು 1980ರ ‘ಸೋಲೊ ಸನ್ನಿ’ಯ ಒಂದು ಬೆಳಗು ಸಾಕು. ಗಾಯಕಿ ಸನ್ನಿ, ರಾತ್ರಿ ತನ್ನ ಮನೆಯಲ್ಲಿ ಉಳಿದಿದ್ದ ಗಂಡಸಿಗೆ ತಿಂಡಿ ಇಲ್ಲ ಅನ್ನುತ್ತಾಳೆ. ಅವನು ಗೊಣಗಿದರೆ, ಚರ್ಚೆಯೂ ಇಲ್ಲ ಅನ್ನುತ್ತಾಳೆ. ಜರ್ಮನ್ ಮೂಲದಲ್ಲಿ ‘ಆಗಿದೆ’ ಎಂಬರ್ಥದ ವ್ಯಾಕರಣಶುದ್ಧ ‘ಇಸ್ಟ್’ ಕೂಡ ಇಲ್ಲ, ಬರ್ಲಿನ್ನಿನ ಆಡುಮಾತಿನ ‘ಇಸ್’. ಅವಳ ಒಂಟಿತನ, ಬಿಗುಮಾನ ಎರಡೂ ಅಷ್ಟರಲ್ಲೇ ಬಂದುಬಿಡುತ್ತವೆ.