ಓಲೆನಾಡಿನಲ್ಲಿ ಅಳಿಸುವಂತಿಲ್ಲ

ಮೊದಲ ಸಲ ಆ ಆಟ 40 ನಿಮಿಷಕ್ಕೇ ಮುಗಿದುಹೋಯಿತು. 4 ಗಂಟೆ ನಡೆಯಬೇಕಿದ್ದ ಆಟ. ಬರೆದದ್ದೆಲ್ಲ ನಿಜವಾಗುವ ಲೋಕ ಇದು ಅಂತ ವಿವರಿಸಿ, ಮೇಜಿನ ಸುತ್ತ ಕೂತ 5 ಜನಕ್ಕೂ ಒಂದೊಂದು ಪೆನ್ಸಿಲ್ ಕೊಟ್ಟಿದ್ದೆ. ಅವರು ಎದುರಿಗೆ ಬಂದ ರಕ್ಕಸನ ಹೆಸರು ಅಳಿಸಿದರು. ಆಮೇಲೆ ಕೋಟೆಯ ಹೆಸರು. ಕೊನೆಗೆ ರಾಜನದ್ದೂ. ಎಲ್ಲ ಖಾಲಿ. ಆಡಲು ಏನೂ ಉಳಿಯಲಿಲ್ಲ.

ಮೇಜಿನ ಮೇಲೆ ಆಡುವ ಪಾತ್ರದಾಟಗಳಿಗೆ ಲೋಕ ಕಟ್ಟುವುದು ನನ್ನ ಕೆಲಸ. 1974ರಲ್ಲಿ ಅಮೆರಿಕದಲ್ಲಿ ಬಂದ ‘ಡಂಜನ್ಸ್ ಅಂಡ್ ಡ್ರ್ಯಾಗನ್ಸ್’ ಈ ಬಗೆಯ ಆಟಕ್ಕೆ ದಾರಿ ಮಾಡಿತು. ಒಬ್ಬರು ಲೋಕವನ್ನು ನಡೆಸುತ್ತಾರೆ, ಉಳಿದವರು ಅದರೊಳಗೆ ಹೊಕ್ಕು ಬದುಕುತ್ತಾರೆ. ನಾನೀಗ ಬರಹದಿಂದಲೇ ಆದ ಒಂದು ಲೋಕ ಕಟ್ಟುತ್ತಿದ್ದೇನೆ. ಓಲೆನಾಡು ಅಂತ ಹೆಸರಿಟ್ಟಿದ್ದೇನೆ.

ಮಾಯಾಬರಹ ಅಂದ ಕೂಡಲೇ ಅಳಿಸುವುದು ಯಾಕೆ ನೆನಪಾಗುತ್ತದೆ? ಅದಕ್ಕೆ ಬಹಳ ಹಳೆಯ ಬೇರಿದೆ. ಈಜಿಪ್ಟಿನ ಸಕ್ಕಾರಾದಲ್ಲಿ, 4000 ವರ್ಷಕ್ಕೂ ಹಿಂದಿನ ಪಿರಮಿಡ್ಡುಗಳ ಒಳಗೋಡೆ ತುಂಬ ಮಂತ್ರ ಕೊರೆದಿದ್ದಾರೆ. ಅಲ್ಲಿ ಅಕ್ಷರವೇ ಚಿತ್ರ. ಕೆಲವು ಕಡೆ ಪ್ರಾಣಿಗಳ, ಮನುಷ್ಯರ ಚಿತ್ರಾಕ್ಷರಗಳನ್ನು ಬೇಕಂತಲೇ ಅರ್ಧಕ್ಕೆ ಬಿಟ್ಟಿದ್ದಾರೆ, ತುಂಡು ಮಾಡಿದ್ದಾರೆ. ಗೋಡೆಯಿಂದ ಎದ್ದು ಬಂದು ಸತ್ತ ರಾಜನಿಗೆ ತೊಂದರೆ ಕೊಡಬಾರದಲ್ವಾ! ಹಾಟ್‌ಶೆಪ್ಸುಟ್ ರಾಣಿ ಸತ್ತ ಮೇಲೆ ಅವಳ ಹೆಸರನ್ನು ಎಷ್ಟೋ ಗುಡಿಗಳ ಗೋಡೆಯಿಂದ ಉಳಿಯಲ್ಲಿ ಕೆತ್ತಿ ತೆಗೆದರು. ಯಹೂದಿಗಳ ಕತೆಯೊಂದರಲ್ಲಿ ಮಣ್ಣಿನ ಗೊಂಬೆಯ ಹಣೆಯ ಮೇಲೆ ‘ಎಮೆತ್’ ಎಂದು ಬರೆದರೆ ಅದು ಎದ್ದು ನಡೆಯುತ್ತದೆ. ಎಮೆತ್ ಅಂದರೆ ಸತ್ಯ. ಮೊದಲ ಅಕ್ಷರ ಒರೆಸಿದರೆ ಉಳಿಯುವುದು ‘ಮೆತ್’, ಸತ್ತ. ಗೊಂಬೆ ಮತ್ತೆ ಮಣ್ಣು.

ಇವೆಲ್ಲ ಕಲ್ಲಿನ, ಮಣ್ಣಿನ ಬರಹ. ಕೆತ್ತಿ ತೆಗೆಯಬಹುದು, ಒರೆಸಬಹುದು. ನಾನು ಎಡವಿದ್ದು ಅಲ್ಲೇ. ಲೋಕಕ್ಕೆ ಓಲೆಯ ಹೆಸರಿಟ್ಟು, ಕಾನೂನು ಮಾತ್ರ ಕಲ್ಲಿನದ್ದು ಇಟ್ಟಿದ್ದೆ.

ಓಲೆಗರಿಯ ಮೇಲೆ ಬರೆಯುವುದನ್ನು ಹತ್ತಿರ ಕೂತು ನೋಡಿದ ದಿನ ಇದು ನನಗೆ ಹೊಳೆಯಿತು. ಎಡಗೈಯಲ್ಲಿ ಗರಿ, ಬಲಗೈಯಲ್ಲಿ ಕಂಠ, ಅಂದರೆ ಕಬ್ಬಿಣದ ಚೂಪು ಮೊನೆ. ಮೊನೆ ಗರಿಯನ್ನು ಸೀಳಬಾರದು, ಸುಮ್ನೆ ಗೀರಬೇಕು. ಗೀರುವಾಗ ಏನೂ ಸರಿಯಾಗಿ ಕಾಣುವುದಿಲ್ಲ. ಸಾಲು ಮುಗಿದ ಮೇಲೆ ದೀಪದ ಕಾಡಿಗೆಯನ್ನು ಎಣ್ಣೆಯಲ್ಲಿ ಕಲಸಿ ಗರಿಯ ಮೇಲೆ ಸವರಿ, ಬಟ್ಟೆಯಲ್ಲಿ ಒರೆಸುತ್ತಾರೆ. ಮಸಿ ಗೀರಿನೊಳಗೆ ಕೂರುತ್ತದೆ. ಖಾಲಿ ಕಾಣುತ್ತಿದ್ದ ಗರಿಯ ಮೇಲೆ ಅಕ್ಷರಗಳು ಒಟ್ಟಿಗೇ ಎದ್ದು ಬರುತ್ತವೆ. ನನಗೆ ಮೈ ಜುಮ್ಮೆಂದಿತು. ಇನ್ನು ಆ ಗೀರನ್ನು ಅಳಿಸುವ ಹಾಗಿಲ್ಲ.

ಓಲೆನಾಡಿನ ಕಾನೂನುಗಳು ಅವತ್ತೇ ಹುಟ್ಟಿದವು. ಬರೆದದ್ದು ಮಸಿ ಸವರುವ ತನಕ ನಿಜವಾಗುವುದಿಲ್ಲ. ಹಾಗಾಗಿ ಎಷ್ಟೋ ಹಳ್ಳಿಗಳು ಅಲ್ಲಿ ಇದ್ದೂ ಕಾಣವು, ಯಾರೋ ಬಂದು ಮಸಿ ಸವರಲಿ ಅಂತ ಕಾಯುತ್ತಿವೆ. ನೇರ ಗೆರೆ ಎಳೆದರೆ ನೆಲ ಸೀಳುತ್ತದೆ. ಗರಿಯ ನಾರು ಉದ್ದಕ್ಕೆ ಹೋಗುವುದರಿಂದ ನೇರ ಗೀರು ಅದನ್ನು ಹರಿಯುತ್ತದೆ, ನಮ್ಮ ಅಕ್ಷರಗಳು ಗುಂಡಗಾಗಲು ಇದೂ ಒಂದು ಕಾರಣ ಅಂತ ಲಿಪಿ ಬಲ್ಲವರು ಹೇಳುತ್ತಾರೆ. ಹಾಗಾಗಿ ಅಲ್ಲಿನ ಹೊಳೆ, ಹಾದಿ, ಬೇಲಿ ಎಲ್ಲ ಬಳಸಿಕೊಂಡೇ ಹೋಗುತ್ತವೆ. ಎಲ್ಲಕ್ಕಿಂತ ದೊಡ್ಡ ಕಾನೂನು: ಯಾವುದನ್ನೂ ಅಳಿಸುವಂತಿಲ್ಲ, ಸೇರಿಸಬಹುದು ಅಷ್ಟೇ.

ಇದನ್ನು ಮೊದಲು ಅರ್ಥ ಮಾಡಿಕೊಂಡವಳು 9ನೇ ಕ್ಲಾಸಿನ ಒಬ್ಬ ಹುಡುಗಿ. ಆಟದಲ್ಲಿ ಒಂದು ಊರಿನ ಬಾಗಿಲ ಮೇಲೆ ಯಾರೋ ‘ಅಳು’ ಎಂದು ಬರೆದುಬಿಟ್ಟಿದ್ದರು. ಊರಿಗೆ ಊರೇ ಹಗಲು ರಾತ್ರಿ ಅಳುತ್ತಿತ್ತು. ಉಳಿದವರು ಕತ್ತಿ, ಬೆಂಕಿ, ಮಂತ್ರ ಅಂತ ತಲೆ ಕೆಡಿಸಿಕೊಂಡರು. ಅವಳು ಚೀಟಿಯನ್ನು ತನ್ನ ಕಡೆ ಎಳೆದುಕೊಂಡು, ‘ಅ’ ಅಕ್ಷರದ ಬಲಕ್ಕೆ ಒಂದು ಸುರುಳಿ ಸೇರಿಸಿದಳು. ‘ಆಳು’. ಅಳು ನಿಂತಿತು. ಬಾಗಿಲಲ್ಲಿ ಒಬ್ಬ ಆಳು ನಿಂತಿದ್ದ, ಕೆಲಸ ಕೇಳುತ್ತಾ. ಈಗ ಅವನಿಗೆ ಊಟ ಹಾಕಬೇಕು, ಕೂಲಿ ಕೊಡಬೇಕು. ಮೇಜಿನ ಸುತ್ತ ಒಂದು ಕ್ಷಣ ಯಾರೂ ಮಾತಾಡಲಿಲ್ಲ. ಆಮೇಲೆ ಎಲ್ಲರೂ ಒಟ್ಟಿಗೇ ಪೆನ್ಸಿಲ್ ಎತ್ತಿಕೊಂಡರು.

ಲೋಕ ಕಟ್ಟಲು ಹೊರಟವರಿಗೆ ನಾನು ಹೇಳುವುದು ಇದನ್ನೇ. ಮಾಯೆಯ ಶಕ್ತಿ ಎಷ್ಟು ಅಂತ ಆಮೇಲೆ ನೋಡಿ. ಯಾವುದರ ಮೇಲೆ ಬರೆಯುತ್ತಾರೆ, ಯಾವುದರಿಂದ ಬರೆಯುತ್ತಾರೆ, ತಪ್ಪಾದರೆ ಏನು ಮಾಡುತ್ತಾರೆ, ಇಷ್ಟನ್ನು ಮೊದಲು ತೀರ್ಮಾನಿಸಿ. ಲಿಪಿಯೂ ನಿಮ್ಮದೇ ಇರಲಿ. ಒಂದು ಒತ್ತು ಬಿದ್ದರೆ ಕತೆ ಕತ್ತೆಯಾಗುತ್ತದೆ. ಹಾಲು ಬರೆಯಲು ಹೋಗಿ ಹಾಳು ಬರೆದರೆ ಮನೆ ಹೋಯಿತು. ಇಂಗ್ಲಿಷಿನಲ್ಲಿ ಯೋಚಿಸಿ ಕನ್ನಡಕ್ಕೆ ತಂದ ಲೋಕದಲ್ಲಿ ಈ ಆಟ ಹುಟ್ಟುವುದೇ ಇಲ್ಲ.

ಇನ್ನೊಂದು ವಿಷಯ ನನ್ನನ್ನು ಜಾಸ್ತಿ ಕಾಡಿತು. ಬರಹವೇ ಎಲ್ಲ ಆದರೆ, ಬರೆಯಲು ಬಾರದವರ ಗತಿ? ನಮ್ಮಲ್ಲೇ ಮಾದಪ್ಪನ ಕಾವ್ಯ, ಮಂಟೇಸ್ವಾಮಿ ಕಾವ್ಯ ಹಾಡುವವರ ಬಾಯಿಂದ ಬಾಯಿಗೆ ನಡೆದು ಬಂದಿವೆ. ಹಾಗಾಗಿ ಓಲೆನಾಡಿನಲ್ಲಿ ಹಾಡುವವರ ಒಂದು ಕುಲವಿದೆ. ಅವರ ಹೆಸರು ಯಾವ ಗರಿಯಲ್ಲೂ ಇಲ್ಲ. ಯಾವ ಲಿಪಿಕಾರನೂ ಅವರಿಗೆ ಒಂದು ಒತ್ತು ಸೇರಿಸಲಾರ. ಅವರಿಗೆ ಆಸ್ತಿ ಇಲ್ಲ, ಗಡಿ ಇಲ್ಲ, ಭಯವೂ ಇಲ್ಲ. ಆಟಗಾರರು ದಾರಿ ತಪ್ಪಿದಾಗ ಅನ್ನ ಹಾಕುವವರು ಅವರೇ.

ಗರಿಗಳಿಗೂ ಆಯಸ್ಸಿದೆ. ಹುಳ ತಿನ್ನುತ್ತದೆ, ಅಂಚು ಮುರಿಯುತ್ತದೆ. ಹಾಳಾಗುವ ಮೊದಲು ಇನ್ನೊಂದು ಗರಿಗೆ ಪ್ರತಿ ಮಾಡಬೇಕು. ಪ್ರತಿ ಮಾಡುವಾಗ ಕಣ್ಣು ತಪ್ಪುತ್ತದೆ. ಹಳಗನ್ನಡ ಕಾವ್ಯಗಳನ್ನು ಸಂಪಾದಿಸುವವರು ಇದನ್ನು ಪಾಠಾಂತರ ಅನ್ನುತ್ತಾರೆ. ಓಲೆನಾಡಿನಲ್ಲಿ ಎರಡು ಪ್ರತಿ ಬೇರೆ ಬೇರೆಯಾದರೆ ಒಂದೇ ಜಾಗದಲ್ಲಿ ಎರಡು ಬೆಟ್ಟ ಏಳುತ್ತವೆ.

ಬರುವ ಭಾನುವಾರದ ಆಟಕ್ಕೆ ಒಂದು ಹಳೆಯ ಗರಿ ಸಿದ್ಧ ಮಾಡಿದ್ದೇನೆ. ಅದರಲ್ಲಿ ಒಂದು ಗುಹೆಯ ವಿವರಣೆ ಇದೆ. ‘ಒಳಗೆ ಇರುವುದು ಹು...’ ಅಂತ ಸಾಲು ಶುರುವಾಗುತ್ತದೆ. ಮುಂದಿನ ಅಕ್ಷರವನ್ನು ಹುಳ ತಿಂದಿದೆ. ಹುಲಿಯೋ, ಹುಳಿಯೋ, ಹುಲ್ಲೋ, ಪ್ರತಿ ಮಾಡುವವರೇ ಬರೆಯಬೇಕು. ಪೆನ್ಸಿಲ್ ಆ ಹುಡುಗಿಯ ಕೈಗೇ ಕೊಡುವವನಿದ್ದೇನೆ.